ಜನರಲ್ ಸಾಹೇಬರ ಮೌಖಿಕ ಪರೀಕ್ಷೆ

ಖಾಲಿದಿಯಾ, ಅಬುಧಾಬಿ
೧೪ ನವೆಂಬರ್ ೨೦೨೪

ಪ್ರೀತಿಯ ರವೂಫ್,

ನೀನೂ ಝುಲೈಖಕ್ಕನೂ ಸೌಖ್ಯವೆಂದು ನಂಬಿದ್ದೇನೆ. ಪತ್ರವನ್ನು ‘ಇನ್ ದಿ ಪಿಂಕ್ ಆಫ್ ಹೆಲ್ತ್’ ಎಂದು ಶುರು ಮಾಡಬೇಕೆಂದು ಕಾಲೇಜಿನಲ್ಲಿ ಕಲಿಸಿದ್ದರು. ಆ ಪಿಂಕ್ ಏಕೆಂದು ಆಗಲೂ ತಿಳಿದಿರಲಿಲ್ಲ, ಈಗಲೂ ಇಲ್ಲ. ಉತ್ತರ ತಡವಾಯಿತು, ಬೈಯಬೇಡ ಮಾರಾಯ. ಫೋನಿನಲ್ಲಿ ನಿನಗೆ ಕಿವಿ ಕೇಳುವುದಿಲ್ಲ. ಇದು ಕೂಗಿ ಹೇಳುವ ವಿಷಯವೂ ಅಲ್ಲ.

ನೀನು ಈ ಮನೆಯ ಡ್ರೈವರ್ ಆಗಿದ್ದಾಗ ನನ್ನನ್ನೂ ನನ್ನಾಕೆ ಚಂದ್ರಮತಿಯನ್ನೂ ಟೂರಿಸ್ಟ್ ಕ್ಲಬ್ ಏರಿಯಾದ ಆ ಶೇರಿಂಗ್ ರೂಮಿನಿಂದ ಕರೆತಂದು ಸೇರಿಸಿದೆಯಲ್ಲ, ಆ ಜನರಲ್ ಇವಾನ್ ಸಾಹೇಬರಿಗೆ ಈಗ ಎಂಬತ್ತೆರಡು. ಮರೆವು ಹೆಚ್ಚಾಗಿದೆ. ಮಗಳು ಡೆಬೊರಾ ಅವರನ್ನು ಇಂಗ್ಲೆಂಡಿಗೆ ಒಯ್ದು ವೃದ್ಧರ ಹೋಮಿಗೆ ಸೇರಿಸುವ ಯೋಚನೆಯಲ್ಲಿದ್ದಾರೆ. ಅವರು ಹೋದರೆ ನನ್ನ ವೀಸಾ ಖಲಾಸ್, ಈ ಮನೆಯೂ ಖಲಾಸ್. ಚಂದ್ರಮತಿ ತೀರಿಕೊಂಡ ಮೇಲೆ ಅಡುಗೆಯೂ ನನ್ನದೇ, ಸಾಹೇಬರ ಸ್ನಾನ, ಮಾತ್ರೆ, ಮಾತುಕತೆಯೂ ನನ್ನದೇ. ಬೇರೆ ಕಡೆ ಹೋಗಿ ಹೊಸಬರಿಗೆ ‘ಗುಡ್ ಮಾರ್ನಿಂಗ್ ಸಾರ್’ ಎನ್ನುವ ವಯಸ್ಸೇ ಇದು?

ಕಳೆದ ವಾರ ಡೆಬೊರಾ ಬಂದಿಳಿದವರೇ, “ಚನಿಯಾ, ಗುರುವಾರ ಡಾಕ್ಟರ್ ಸ್ಟೇಸಿ ಬರ್ತಾರೆ. ಡ್ಯಾಡಿಗೆ ತನ್ನ ಜೀವನ ನೆನಪಿದೆಯಾ ಅಂತ ಪ್ರಶ್ನೆ ಕೇಳ್ತಾರೆ. ನೆನಪಿದ್ದರೆ ಇಲ್ಲೇ ಇರಲಿ” ಎಂದರು. ಅಂದರೆ ವೈವಾ! ವೈವಾ ಎಂದ ಮೇಲೆ ಬಾಯಿಪಾಠ ಮಾಡಿಸದೆ ಇರಲಾಗುತ್ತದೆಯೇ? ನಾನು ಇಂಗ್ಲಿಷ್ ಪೇಪರ್ ದಾಟಿದ್ದಾದರೂ ಬೇರೆ ಹೇಗೆ?

ಸಂಜೆ ಬಾಲ್ಕನಿಯಲ್ಲಿ ಶುಂಠಿ ಚಹಾ ಇಟ್ಟು ಶುರು ಮಾಡುತ್ತಿದ್ದೆ.

“ಟ್ರೇನಿಂಗ್ ಎಲ್ಲಿ ಸಾರ್?”

“ಸ್ಯಾಂಡ್‌ಹರ್ಸ್ಟ್.”

“ಫಸ್ಟ್ ಪೋಸ್ಟಿಂಗ್?”

“ಟ್ರೂಶಿಯಲ್ ಓಮಾನ್ ಸ್ಕೌಟ್ಸ್. ಇದೇ ಮರಳಿನಲ್ಲಿ ಬ್ರಿಟಿಷರ ಪಡೆ. ನನ್ನ ಲ್ಯಾಂಡ್‌ರೋವರಿನಲ್ಲಿ ಒಂದು ಆಡು ಕೂತುಬಿಟ್ಟಿತ್ತು ಚನಿಯಾ, ಇಳಿಯಲೇ ಇಲ್ಲ…”

“ಆಡು ಸಿಲೆಬಸ್ಸಿನಲ್ಲಿಲ್ಲ ಸಾರ್. ನೆಕ್ಸ್ಟ್.”

“ಯು ಆರ್ ವರ್ಸ್ ದ್ಯಾನ್ ಮೈ ಡ್ರಿಲ್ ಸಾರ್ಜೆಂಟ್!” ಎಂದು ನಗುತ್ತಿದ್ದರು. ಜರ್ಮನಿಯ ಟ್ಯಾಂಕುಗಳು, ಮೇಜರ್ ಜನರಲ್ ಆದದ್ದು, ನಿವೃತ್ತರಾಗಿ ಸಲಹೆಗಾರರೆಂದು ಇಲ್ಲಿಗೇ ಮರಳಿದ್ದು, ಎಲ್ಲ ಸರಾಗ.

ಬೆಲ್‌ಫಾಸ್ಟ್ ಪೋಸ್ಟಿಂಗಿನ ಪ್ರಶ್ನೆ ಬಂದಾಗ ಮಾತ್ರ ನಿಂತುಬಿಡುತ್ತಿದ್ದರು. ಅಲ್ಲಿ ಒಂದು ಬಾಂಬಿಗೆ ಅವರ ಮೂವರು ಸೈನಿಕರು ಸತ್ತರಂತೆ. ಆ ಸಂಜೆ ಹಾಜರಿ ಕರೆಯುವಾಗ ಇವರು ಆ ಮೂರು ಹೆಸರನ್ನೂ ಕರೆದರಂತೆ. ಪಕ್ಕದಲ್ಲಿ ನಿಂತವರು ಸತ್ತವರ ಪರವಾಗಿ ‘ಸರ್’ ಎಂದರಂತೆ.

“ಎಂತಕ್ಕೆ ಕರೆದಿರಿ ಸಾರ್?” ಎಂದೆ.

“ಕರೆಯದಿದ್ದರೆ ಅಲ್ಲಿಗೆ ಮುಗಿಯಿತಲ್ಲ.”

ಇದು ಪರೀಕ್ಷೆಗೆ ಬೇಡವೆಂದು ನಾನು ಮುಂದಿನ ಪ್ರಶ್ನೆಗೆ ಹಾರಿದೆ.

ಇವತ್ತು ಸಾಹೇಬರು ಬ್ಲೇಜರ್ ತೊಟ್ಟು, ರೆಜಿಮೆಂಟಿನ ಟೈ ಕಟ್ಟಿ ಕುಳಿತರು. ನಾನು ಅಡುಗೆಮನೆಯ ಬಾಗಿಲಲ್ಲಿ. ಡಾಕ್ಟರು ಕೇಳಿದ್ದೆಲ್ಲ ನನ್ನ ಪ್ರಶ್ನೆಗಳೇ! ಸ್ಯಾಂಡ್‌ಹರ್ಸ್ಟ್, ಸ್ಕೌಟ್ಸ್, ಜರ್ಮನಿ, ಒಂದೂ ತಪ್ಪಲಿಲ್ಲ. “ಈಗ ಎಲ್ಲಿದ್ದೀರಿ?” ಎಂದದ್ದಕ್ಕೆ, “ಅಬುಧಾಬಿ. ವಾಟ್ ಎ ಸಿಲ್ಲಿ ಕ್ವೆಶ್ಚನ್!” ಎಂದು ಗದರಿಸಿಯೂ ಬಿಟ್ಟರು. ಡೆಬೊರಾ ನನ್ನತ್ತ ತಿರುಗಿ ಹೆಬ್ಬೆರಳು ತೋರಿಸಿದರು. ನನಗೋ ಫಸ್ಟ್ ಕ್ಲಾಸ್ ಬಂದಷ್ಟು ಹಿಗ್ಗು.

ಆಮೇಲೆ ಡಾಕ್ಟರು ಇನ್ನೊಂದೇ ಒಂದು ಪ್ರಶ್ನೆ ಕೇಳಿದರು. ಸಾಹೇಬರು ಅದಕ್ಕೂ ತಲೆ ಎತ್ತಿಯೇ ಉತ್ತರಿಸಿದರು. ಡೆಬೊರಾ, ಡಾಕ್ಟರು ಇಬ್ಬರೂ ನನ್ನತ್ತ ತಿರುಗಿದರು.

ಈಗ ಡೆಬೊರಾ ಒಳಗೆ ಇಂಗ್ಲೆಂಡಿನೊಂದಿಗೆ ಫೋನಿನಲ್ಲಿದ್ದಾರೆ. ಗೋಡೆಯಾಚೆಯಿಂದ ‘ಫ್ಲೈಟ್’ ಎಂಬ ಶಬ್ದ ಎರಡು ಸಲ ಕೇಳಿಸಿತು. ಅದಕ್ಕೇ ಬರೆಯುತ್ತ ಕುಳಿತಿದ್ದೇನೆ.

ನಿನ್ನ ಮೊಮ್ಮಗಳು ಶಿಫಾನಾ ಚೆನ್ನಾಗಿ ಓದಿ ದೊಡ್ಡವಳಾಗಲಿ, ಈ ಅಜ್ಜನ ಹರಕೆ ಅವಳ ಮೇಲಿರಲಿ. ನಿನ್ನ ದುವಾದಲ್ಲಿ ನನಗೊಂದಿಷ್ಟು ಜಾಗವಿಡು, ಸಾಹೇಬರಿಗೂ.

ನಿನ್ನ
ಚನಿಯ

ತಾ.ಕ.: ಕೊನೆಯ ಪ್ರಶ್ನೆ ಯಾವುದೆಂದು ಹೇಳದೆ ಲಕೋಟೆ ಅಂಟಿಸಲು ಮನಸ್ಸು ಬರಲಿಲ್ಲ. “ಮನೆಯಲ್ಲಿ ನಿಮ್ಮ ಜೊತೆ ಯಾರಿದ್ದಾರೆ?” “ಚನಿಯ ಮತ್ತು ಚಂದ್ರ. ಅವಳು ಬರ್ ದುಬೈ ದೇವಸ್ಥಾನಕ್ಕೆ ಹೋಗಿದ್ದಾಳೆ. ಬಸ್ಸು ತಡವಾಗಿದೆ. ಟೀ ಹೊತ್ತಿಗೆ ಬರುತ್ತಾಳೆ.”

ರವೂಫ್, ಅದು ನನ್ನದೇ ಮಾತು. ಚಂದ್ರಮತಿ ಹೋದ ಹೊಸತರಲ್ಲಿ ಸಾಹೇಬರು ‘ಚಂದ್ರ ಎಲ್ಲಿ?’ ಎಂದಾಗ ನಿಜ ಹೇಳಿದೆ, ಅತ್ತರು. ಮರುದಿನ ಮತ್ತೆ ಕೇಳಿ, ಮತ್ತೆ ಹೊಸದಾಗಿ ಅತ್ತರು. ಆಮೇಲೆ ಬರ್ ದುಬೈ ಎಂದೆ. ಎರಡು ವರ್ಷದಿಂದ ದಿನವೂ ಅದೇ. “ಯಾಕೆ ಹೀಗೆ ಮಾಡಿದೆ?” ಎಂದು ಡೆಬೊರಾ ಕೇಳಿದರು. “ಸಾಹೇಬರಿಗೋಸ್ಕರ ಮೇಡಂ” ಎಂದೆ. ಅದೂ ಸುಳ್ಳು.

ಟಿಕೆಟ್ ಆಗಿದೆ, ಭಾನುವಾರಕ್ಕೆ. ಈಗಷ್ಟೇ ಸಾಹೇಬರು ಬಾಲ್ಕನಿಯಿಂದ ಕರೆದರು, “ಚನಿಯಾ, ವೇರ್ ಈಸ್ ಚಂದ್ರ?” ಡೆಬೊರಾ ಬಾಗಿಲಲ್ಲೇ ನಿಂತಿದ್ದರು. “ಬಸ್ಸು ತಡ ಸಾರ್” ಎಂದು ಹೇಳಿ ಬಂದು ಈ ಸಾಲು ಬರೆಯುತ್ತಿದ್ದೇನೆ. ಅವಳು ಬರುತ್ತಾಳೆಂದು ಕಾಯುವವರು ಈ ಲೋಕದಲ್ಲಿ ಅವರೊಬ್ಬರೇ ಉಳಿದಿದ್ದರು.