ಮೈಕು ಇಪ್ಪತ್ತು ಹೆಜ್ಜೆ ದೂರ

ಎಡಿಟಿಂಗ್ ಕೋಣೆ,
ಮಾರ್ಚ್ ೯, ಬೆಳಗ್ಗೆ

ನನ್ನ ಪ್ರೀತಿಯ ಮೌನಿಗೆ,

ಹೇಗಿದ್ದೀಯ? ಪ್ರತಿ ಚೀಟಿಯಲ್ಲೂ "ಆರಾಮಾಗಿದೀನಿ" ಎಂದು ಒಂದೇ ರಾಗ ಎಳೆಯುತ್ತೀಯ. ಈ ಸಲವಾದರೂ ಬೇರೆ ಏನಾದರೂ ಬರೆ. ನಾವು ಚೆನ್ನಾಗಿದ್ದೇವೆ. ಅತ್ತೆಯ ಮಂಡಿನೋವು ಇಳಿದಿದೆ, ಬಾಯಿ ಮಾತ್ರ ಮೊದಲಿನಂತೆಯೇ ಇದೆ. ಮಗಳ ಮುಂದಿನ ಹಲ್ಲು ಬಿದ್ದಿದೆ, ಬೀದಿಗೆಲ್ಲ ತೋರಿಸಿಕೊಂಡು ಬರುತ್ತಿದ್ದಾಳೆ.

ನೀನು ಚಿತ್ರೀಕರಿಸಿ ಕಳಿಸಿದ ಸರೋವರ ಈಗ ನನ್ನ ಎಡಿಟಿಂಗ್ ಮೇಜಿನ ಮೇಲಿದೆ. ನೀರು ಹೆಪ್ಪುಗಟ್ಟುವ ಹನ್ನೊಂದು ನಿಮಿಷಕ್ಕೆ ಒಂದೇ ಒಂದು ಕತ್ತರಿ ಹಾಕಿಲ್ಲ. ಚಿತ್ರಕ್ಕೆ ಮಾತು ಸೇರಿಸಲೇಬೇಕೆಂದು ಪಟ್ಟು ಹಿಡಿದಿದ್ದ ನಿರ್ಮಾಪಕರು ನಿನ್ನೆ ಬಂದು ನೋಡಿದರು. ಬೇಕೆಂದೇ ಅವರ ಪಕ್ಕದಲ್ಲಿ ಅತ್ತೆಯನ್ನು ಕೂರಿಸಿದ್ದೆ. ನಿದ್ದೆಯಲ್ಲೂ ಮಾತಾಡುವ ನಿನ್ನ ಅಮ್ಮ ಹನ್ನೊಂದು ನಿಮಿಷ ತುಟಿ ಪಿಟಕ್ಕೆನ್ನಲಿಲ್ಲ! ಕೊನೆಗೆ, "ಅಯ್ಯೋ, ಆ ಬಾತುಕೋಳಿ ಈಗೆಲ್ಲಿಗೆ ಹೋಗತ್ತೆ?" ಎಂದರು. "ಇದಕ್ಕೆ ಮಾತು ಯಾಕ್ರೀ ಬೇಕು?" ಎಂದು ನಿರ್ಮಾಪಕರೇ ಎದ್ದರು. ಗೆದ್ದೆವು ಕಣೋ! ಇಷ್ಟು ಚೆನ್ನಾಗಿ ನಾನು ಯಾವತ್ತೂ ಕೆಲಸ ಮಾಡಿರಲಿಲ್ಲ; ಹೊಗಳಿಕೊಳ್ಳುತ್ತಿದ್ದೇನೆ, ಸಹಿಸಿಕೋ. ಇನ್ನು ಮಂಜುಗಡ್ಡೆ ಕರಗುವ ಶಾಟ್ ಒಂದೇ ಬಾಕಿ. ಅದಕ್ಕೆ ಇನ್ನೂ ಆರು ವಾರ ಇರುತ್ತೇನೆ ಎಂದಿದ್ದೀಯ. ಇರು, ನಾನು ಬೇಡ ಅನ್ನುವುದಿಲ್ಲ.

ಜಗಳವೊಂದಿದೆ. ನಮ್ಮ ಸದ್ದು ಬೀಳದ ಹಾಗೆ ಮೈಕನ್ನು ಕ್ಯಾಮೆರಾದಿಂದ ಇಪ್ಪತ್ತು ಹೆಜ್ಜೆ ದೂರ ಇಡಬೇಕೆಂದು ಕಟ್ಟಳೆ ಮಾಡಿದವನು ನೀನೇ. ಮೈಕು ಇಟ್ಟು ಕ್ಯಾಮೆರಾದತ್ತ ಮರಳುವ ನಿನ್ನ ಹೆಜ್ಜೆಸದ್ದು ಅದರಲ್ಲೇ ದಾಖಲಾಗುತ್ತದಲ್ಲ, ಮೊದಮೊದಲು ಇಲ್ಲಿ ಕೂತು ಎಣಿಸಿದರೆ ಸರಿಯಾಗಿ ಇಪ್ಪತ್ತು ಹೆಜ್ಜೆ ಇರುತ್ತಿದ್ದವು. ಡಿಸೆಂಬರಿಗೆ ಅವು ಹನ್ನೆರಡಾದವು, ಕಳೆದ ತಿಂಗಳು ಐದು. ಈಗ ಬಂದ ಮೆಮೊರಿ ಕಾರ್ಡಿನಲ್ಲಿ ಮೈಕು ನಿನ್ನ ಕಾಲಬುಡದಲ್ಲೇ ಇದೆ. ಸೋಮಾರಿ! ಬೈಯುತ್ತಲೇ ನಿನ್ನ ಕೆಮ್ಮನ್ನೆಲ್ಲ ಒಂದೊಂದಾಗಿ ಕತ್ತರಿಸಿ ತೆಗೆದೆ.

ಅತ್ತೆಯ ಆಶೀರ್ವಾದ, ಮಗಳ ಬೊಚ್ಚುಬಾಯಿಯ ಮುತ್ತು.

ನಿನ್ನ
ಕತ್ತರಿ

ತಾ.ಕ.: ಮಧ್ಯಾಹ್ನ. ಅಂಟಿಸಿದ್ದ ಲಕೋಟೆಯನ್ನು ಮತ್ತೆ ಬಿಡಿಸಿದ್ದೇನೆ. ಕತ್ತರಿಸಿದ ಚೂರುಗಳನ್ನು ಎಸೆಯುವ ಮೊದಲು ಸಾಲಾಗಿ ಕೇಳುವುದು ನನ್ನ ಅಭ್ಯಾಸ, ಗೊತ್ತಲ್ಲ. ಸೆಪ್ಟೆಂಬರಿನಿಂದ ಈಚಿನ ನಿನ್ನ ಕೆಮ್ಮು ನಾಲ್ಕು ನಿಮಿಷವಾಯಿತು. ತಿಂಗಳಿಂದ ತಿಂಗಳಿಗೆ ಅದು ಉದ್ದವಾಗಿದೆ, ಈಚಿನ ಚೂರುಗಳಲ್ಲಿ ನೀನು ಉಸಿರಿಗೆ ಏದುತ್ತಿದ್ದೀಯ. ಓಡಿಹೋಗಿ ಡಾಕ್ಟರಿಗೆ ಕೇಳಿಸಿದೆ. "ಮೊದಲು ಇವರನ್ನ ಕರೆಸಿ" ಎಂದರು. ಸೋಮಾರಿ ಎಂದದ್ದಕ್ಕೆ ಕ್ಷಮಿಸು. ಇಪ್ಪತ್ತು ಹೆಜ್ಜೆ ನಡೆಯಲು ನಿನಗೆ ಆಗುತ್ತಿರಲಿಲ್ಲ. ಮಂಜುಗಡ್ಡೆ ಕರಗುವುದು ಬೇಡ, ಚಿತ್ರವನ್ನು ಹೆಪ್ಪುಗಟ್ಟಿದ ನೀರಿನಲ್ಲೇ ಮುಗಿಸಿದ್ದೇನೆ. ಈ ಪತ್ರ ತಂದ ಸಾಮಾನಿನ ಜೀಪಿನಲ್ಲೇ ಹೊರಡು. ಅದನ್ನು ನಿನ್ನ ಗುಡಾರದ ಬಾಗಿಲಿಗೇ ತಂದು ನಿಲ್ಲಿಸಬೇಕೆಂದು ಡ್ರೈವರಣ್ಣನಿಗೆ ಹೇಳಿದ್ದೇನೆ.