ಹನ್ನೊಂದು ನಿಮಿಷದ ಬೈಲು

ಜನವರಿ 9, ಬೆಳಿಗ್ಗೆ 7

"ಮಣ್ಣಿಗೆ ನೆನಪಿರುವುದು ಹೋದವರ..." ಹೆಸರೋ, ಹೆಜ್ಜೆಯೋ? ನಿನ್ನೆ ಕ್ಲಾಸಿನಲ್ಲಿ ತೋರಿಸಿದ ಕಿರುಚಿತ್ರದ ಸಾಲು. ಮಣ್ಣಿಗೆ ನಿಜಕ್ಕೂ ಏನಾದರೂ ನೆನಪಿರುತ್ತದೆಯೆ? ಸ್ಲೊವೇನಿಯಾ, ಐವತ್ತರ ದಶಕ, ಕಪ್ಪು-ಬಿಳುಪು, ಹನ್ನೊಂದು ನಿಮಿಷ. ಕತೆಯಿಲ್ಲ. ಗುಡ್ಡ, ಗದ್ದೆ, ಹುಲ್ಲು ಒಣಹಾಕಿದ ಮರದ ಚೌಕಟ್ಟು. ಮೇಲೊಂದು ದನಿ — ತಾಯ್ನೆಲಕ್ಕೆ ಬರೆದ ಕಾಗದದ ಹಾಗೆ. ಸೆಮಿನಾರ್ ಪೇಪರ್ ಅದರ ಮೇಲೆಯೇ. ನಲವತ್ತೆಂಟಕ್ಕೆ ಎಂ.ಎ.! ಗಂಜಿ ಉಕ್ಕುತ್ತಿದೆ. ಇವರಿಗೆ ಮಾತ್ರೆ ಕೊಡಬೇಕು.

ಜನವರಿ 10

"ಊರಿಗ್ ಹೋಪುದ್ ಯಾವಾಗ?" ಸ್ಟ್ರೋಕ್ ಆದಾಗಿನಿಂದ ಇವರದು ದಿನಕ್ಕೆ ಹತ್ತು ಸಲ ಇದೇ. ಕುಂದಾಪುರದ ನಮ್ಮ ಗದ್ದೆಬೈಲು ಹೆದ್ದಾರಿಗೆ ಹೋಗಿ ಎರಡು ವರ್ಷ. ಮನೆಯೂ. ಸಹಿ ಹಾಕಿದವರು ಇವರೇ, ಅದು ನೆನಪಿನಿಂದ ಅಳಿಸಿಹೋಗಿದೆ. ಒಮ್ಮೆ ಹೇಳಿದ್ದೆ. ಆಗಷ್ಟೇ ಕೇಳಿದವರಂತೆ ಅತ್ತರು, ಮೂರು ದಿನ ಅನ್ನ ಮುಟ್ಟಲಿಲ್ಲ. ಇನ್ನು ಹೇಳಲಾರೆ.

ಜನವರಿ 12, ಸಂಜೆ

ಲ್ಯಾಪ್‌ಟಾಪಿನಲ್ಲಿ ಚಿತ್ರ ಹಾಕಿಕೊಂಡು ನೋಟ್ಸ್ ಬರೆಯುತ್ತಿದ್ದೆ. ಇವರು ಪಕ್ಕಕ್ಕೆ ಬಂದು ಕೂತರು.

"ನಮ್ ಬೈಲಲ್ದಾ ಕ್ಷಮಾ? ಕಾಣ್, ಹುಲ್ ಒಣ್ಗುಕ್ ಹಾಕಿರ್."

ಹಿಮದ ಬೆಟ್ಟ ಬಂತು. "ಅದೆಂತದ್?"

"ಕೊಡಚಾದ್ರಿ. ಮೋಡ ಮುಚ್ಚಿತ್," ಅಂದೆ.

ಎರಡು ಸಲ ಬಡಿಸಿಕೊಂಡು ಉಂಡರು.

ಜನವರಿ 27

ದಿನಾ ಸಂಜೆ ಹನ್ನೊಂದು ನಿಮಿಷ, ದನಿ ಬಂದ್ ಮಾಡಿ. ಊರಿಗೆ ಹೋಗುವ ಮಾತಿಲ್ಲ — ಹೋಗಿಬಂದವರ ಹಾಗಿರುತ್ತಾರೆ. ಆ ಸಾಲು ಸಬ್‌ಟೈಟಲ್‌ನಲ್ಲಿ ಸಿಕ್ಕಿತು. ಹೆಸರೂ ಅಲ್ಲ, ಹೆಜ್ಜೆಯೂ ಅಲ್ಲ: ಹೋದವರ ಭಾರ. ಟಾರಿನ ಕೆಳಗಿನ ಮಣ್ಣಿಗೆ? ಪೇಪರ್ ಒಂದು ಪುಟವೂ ಆಗಿಲ್ಲ. ಯಾರದೋ ತಾಯ್ನೆಲ ಕದ್ದು ಗಂಡನಿಗೆ ಉಣ್ಣಿಸುವವಳು ಅದರ ಬಗ್ಗೆ ಏನು ಬರೆದಾಳು...

ಫೆಬ್ರವರಿ 13

ಕ್ಲಾಸಿದ್ದ ದಿನ ಎದುರು ಫ್ಲ್ಯಾಟಿನ ಬಂಗಾಳಿ ಗೆಳತಿ ಚಂದನಾದಿ ಇವರ ಜೊತೆ ಕೂರುತ್ತಾರೆ. ಇವತ್ತು ಲೋಕಲ್ ರೈಲು ತಡ. ಬಾಲಿಗಂಜ್‌ನಲ್ಲಿ ಇಳಿದು ಓಡಿಬಂದರೆ ಇಬ್ಬರೂ ನಗುತ್ತಿದ್ದರು. ಬೈಲಿನ ಕತೆಯಂತೆ — ಯಾವ ಮೂಲೆಯಲ್ಲಿ ಯಾವ ಮಾವಿನ ಮರ, ಎಲ್ಲ. ಚಂದನಾದಿಗೆ ನಿಜ ಹೇಳಬೇಕಿತ್ತು. ಇವರೆದುರು ಹೇಗೆ? ನಾಳೆ.

ಫೆಬ್ರವರಿ 20

ಹೇಳಿಲ್ಲ.

ಸಂಜೆ ಬೆಲ್ ಆಯಿತು. ಚಂದನಾದಿ, ಕೈಯಲ್ಲಿ ಮಿಠಾಯಿ ಡಬ್ಬಿ. ನನ್ನ ಬೆನ್ನ ಹಿಂದೆ ಇವರು — ಇಸ್ತ್ರಿ ಮಾಡಿದ ಶರ್ಟು, ಮುಖವಿಡೀ ನಗು.

"ಬಾಯಿ ಸಿಹಿ ಮಾಡು ಮೊದಲು. ದಾದಾ ಅಷ್ಟು ಕರೆದ ಮೇಲೆ ಬರದೆ ಇರ್ತೀವಾ? ಹೋಳಿ ರಜೆಗೆ ಕುಂದಾಪುರಕ್ಕೆ ಟಿಕೆಟ್ ಆಯ್ತು — ನಾವು ನಾಲ್ಕು ಜನ, ನೀವಿಬ್ಬರು. ನಿನಗೆ ಹೇಳಬೇಡ ಅಂದಿದ್ದರು, ಸರ್‌ಪ್ರೈಸ್ ಅಂತೆ! ಈಗ ಒಂದೇ ಹೇಳು: ಸ್ಟೇಷನ್ನಿಂದ ನಿಮ್ಮ ಬೈಲು ಎಷ್ಟು ದೂರ?"