ಸಿನಿಮಾದಲ್ಲಿ ಇಲ್ಲದ ಕೈ

ಮಂಗಳವಾರ, ಬೆಳಿಗ್ಗೆ

ನನ್ನ ಗುಬ್ಬಿಗೆ ಅಜ್ಜಿಯಿಂದ ಒಂದು ಮುತ್ತು, ಅದರ ಹಿಂದೆಯೇ ಒಂದು ಗುದ್ದು.

ಮೊದಲು ಸುದ್ದಿ. ನಿನ್ನ ತಮ್ಮ ಇಬ್ಬರು ಗೆಳೆಯರನ್ನು ಕಟ್ಟಿಕೊಂಡು ನಿನ್ನೆ ಜೇನಿಗೆ ಹೋದವನು ಇನ್ನೂ ಬಂದಿಲ್ಲ. ನಿನ್ನ ಅಮ್ಮ "ಮರದ ಕೆಳಗೇ ಮಲಗಿರ್ತಾರೆ ಬಿಡಿ ಅತ್ತೆ" ಅನ್ನುತ್ತಾಳೆ. ನಾನೂ ಹೂಂ ಅಂದಿದ್ದೇನೆ. ಆದರೆ ನಿನ್ನ ಸಿನಿಮಾದ ಹಾಡು ಹಿಡಿದು ಹೋದರು ಎಂದು ಗೊತ್ತಾದಾಗಿನಿಂದ ಬಾಗಿಲಿಗೂ ಬೀದಿಗೂ ಓಡಾಡುತ್ತಿದ್ದೇನೆ. ನಿನ್ನ ಚಿಕ್ಕಪ್ಪನನ್ನು ಜೌಗಿನ ಕಡೆ ಓಡಿಸಿದ್ದೇನೆ. ಫೋನ್ ಮಾಡಬಹುದಿತ್ತು; ಸಿಗ್ನಲ್ ಸಿಗುವುದು ಅಂಗಡಿ ಮುಂದೆ, ಅಲ್ಲಿ ನಾನು ಕೆಮ್ಮಿದರೂ ಹತ್ತು ಜನ ಕಾರಣ ಕೇಳುತ್ತಾರೆ. ಅದಕ್ಕೇ ಈ ಕಾಗೆ ಕಾಲು ಗುಬ್ಬಿ ಕಾಲು.

ಶಾಲೆಯ ಗೋಡೆಗೆ ಬಿಳಿ ಬಟ್ಟೆ ಕಟ್ಟಿ ಸಿನಿಮಾ ತೋರಿಸಿದ ದಿನ ನನ್ನ ಮುಖ ಬಾಗಿಲಷ್ಟು ದೊಡ್ಡದಾಗಿ ಕಂಡಿತು. ನಾಚಿಕೆಯಾಗಿ ತಲೆ ತಗ್ಗಿಸಿ, ಬರೀ ಕಿವಿಯಲ್ಲೇ ನೋಡಿದೆ.

ಜೇನುಮರಕ್ಕೆ ಹೋಗುವ ದಾರಿಯೇ ಆ ಹಾಡು: ಯಾವ ಹಳ್ಳ ದಾಟಬೇಕು, ಯಾವ ಬಂಡೆಯ ಹತ್ತಿರ ಎತ್ತ ತಿರುಗಬೇಕು. ಹೊರಗಿನವರು ಎದುರಿಗಿದ್ದರೆ ಎಡಕ್ಕೆ ಬಲ, ಬಲಕ್ಕೆ ಎಡ ಎಂದು ಹಾಡಿ, ಅಂಗೈಯನ್ನು ಮಂಡಿಯ ಮೇಲೆ ಕವುಚಿ ಇಡುವುದು ನಮ್ಮ ರೂಢಿ. ಕೈ ಕವುಚಿದ್ದರೆ ದಾರಿಯೂ ಕವುಚಿದೆ, ಹಾಗೇ ಹೋದರೆ ಜೌಗೇ ಗತಿ ಎಂದು ಇಲ್ಲಿ ಬೆಳೆದ ಮಕ್ಕಳಿಗೆ ಗೊತ್ತು. ನೀನು ಹಲ್ಲು ಬೀಳುವ ವಯಸ್ಸಿಗೇ ಹಾಸ್ಟೆಲ್ ಸೇರಿದವಳು.

ನಿನ್ನ ಜೊತೆ ಬಂದಿದ್ದ ಲೈಟಿನವನು ನೆನಪಿದ್ದಾನಾ? "ಆ ಮರ ಎಷ್ಟು ದಪ್ಪ ಇರಬಹುದು ಅಜ್ಜಿ, ಅಲ್ಲಿವರೆಗೆ ಲಾರಿ ಹೋಗುತ್ತಾ" ಅಂತ ಬೆಣ್ಣೆಯಲ್ಲಿ ಕೂದಲು ತೆಗೆದ ಹಾಗೆ ಕೇಳಿದ. ಜೇನು ನೆಕ್ಕುವವನಿಗೆ ಲಾರಿ ಯಾಕೆ? ಅವನ ಮುಂದೆ ಕವುಚಿಯೇ ಹಾಡಿದೆ. ನೀನು "ಅಜ್ಜಿ, ಮುಖ ಸ್ವಲ್ಪ ಎತ್ತು" ಅನ್ನುತ್ತಾ ಕ್ಯಾಮೆರಾ ಸಮೇತ ಹತ್ತಿರ ಹತ್ತಿರ ಬಂದೆ. ಕೈಯನ್ನೂ ಹಿಡಿದಿರುತ್ತೀಯ ಎಂದುಕೊಂಡೆ. ಇವತ್ತು ಪಕ್ಕದ ಮನೆಯವಳ ಫೋನಿನಲ್ಲಿ ನೋಡಿದರೆ, ಮುಖದ ಸುಕ್ಕು ಒಂದನ್ನೂ ಬಿಟ್ಟಿಲ್ಲ, ಕೈ ಮಾತ್ರ ಇಲ್ಲ.

ನಾನು ಸತ್ತ ಮೇಲೂ ಹಾಡು ಉಳಿಯಲಿ ಎಂದು ನೀನು ಸಿನಿಮಾ ಮಾಡಿದೆ. ಉಳಿದದ್ದು ಜೌಗಿಗೆ ಹೋಗುವ ದಾರಿ.

ಭಾನುವಾರ ನಗರದಲ್ಲಿ ತೋರಿಸುತ್ತೀಯಂತೆ. ಹಾಡನ್ನು ತಿದ್ದಬೇಡ, ತಿದ್ದಿದರೆ ಲಾರಿಗೆ ದಾರಿ ಬಿಟ್ಟುಕೊಟ್ಟ ಹಾಗೆ. ಕೈ ಇರುವ ತುಂಡು ನಿನ್ನ ಹತ್ತಿರ ಇದ್ದರೆ ಸೇರಿಸು. ಇಲ್ಲದಿದ್ದರೆ ಬಾ, ಮತ್ತೆ ಕೂರುತ್ತೇನೆ, ದೂರ ನಿಂತು ತೆಗಿ. ನಗರದವರು ಮುದುಕಿಯ ಕೈ ನೋಡಲಿ, ನಮ್ಮವರು ದಾರಿ ನೋಡಲಿ. ಓದಿದ ಮೇಲೆ ಈ ಕಾಗದ ಒಲೆಗೆ ಹಾಕು.

ಬಾಗಿಲ ಕಡೆಗೇ ಕಣ್ಣಿಟ್ಟು ಕೂತಿರುವ,
ನಿನ್ನ ಅಜ್ಜಿ

ತಾ.ಕ.: ಮಧ್ಯಾಹ್ನ ಬಂದರು. ಮೂವರಿಗೂ ಎದೆಮಟ್ಟ ಕೆಸರು, ನಿನ್ನ ತಮ್ಮನ ಕಾಲು ಊದಿ ಹಲಸಿನಕಾಯಿ ಆಗಿದೆ. "ಹೂತುಕೊಂಡ ಮೇಲೆ ಹೊಳೀತು ಅಜ್ಜಿ, ನಿನ್ನ ಕೈ ಎಲ್ಲಿತ್ತು ಅಂತ" ಅಂದ. ಬುದ್ಧಿ ಬರುವುದಕ್ಕೂ ಇವನಿಗೆ ಕೆಸರು ಬೇಕು. ಆ ಹುಡುಗರ ಮನೆಯವರು ನಿನ್ನನ್ನು ಬೈಯುತ್ತಾ ಬಂದು, ಸಿನಿಮಾ ಎಲ್ಲ ಫೋನಿನಿಂದಲೂ ಅಳಿಸಬೇಕು ಎಂದು ಕೂತರು. ಕೈ ಇಡಲು ನಾನೇ ಮರೆತೆ, ವಯಸ್ಸಾಯಿತಲ್ಲ, ಅಂದೆ. ಎಲ್ಲರೂ ನಂಬಿದರು. ಇನ್ನು ಹಾಡಲು ನನ್ನನ್ನು ಯಾರೂ ಕರೆಯುವುದಿಲ್ಲ. ಕ್ಯಾಮೆರಾ ಬೇಗ ತಾ.